ಸೆನ್ಸಾರ್ ಪಾಸಾದ ಸಿನಿಮಾ ಇಂಡೋನೇಷ್ಯಾದಲ್ಲಿ ಎತ್ತಂಗಡಿಯಾಗುವುದೇಕೆ?

ಪ್ರಶ್ನೆ: ಸೆನ್ಸಾರ್ ಮಂಡಳಿಯೇ ಒಪ್ಪಿದ ಸಿನಿಮಾವನ್ನೂ ಇಂಡೋನೇಷ್ಯಾದ ಕೆಲವು ಊರುಗಳಲ್ಲಿ ನಿಲ್ಲಿಸುತ್ತಾರಂತೆ. ಹಾಗಾದರೆ ಸರ್ಟಿಫಿಕೇಟಿಗೆ ಬೆಲೆಯೇನು?

ಉತ್ತರ: ಅದಿಲ್ಲದೆ ಥಿಯೇಟರಿನ ಬಾಗಿಲು ತೆರೆಯದು. ಆದರೆ ಒಳಹೊಕ್ಕ ಸಿನಿಮಾ ಅಲ್ಲೇ ಉಳಿದೀತೆಂಬ ಖಾತ್ರಿ ಅದರಿಂದ ಸಿಗುವುದಿಲ್ಲ.

ಸರ್ಟಿಫಿಕೇಟ್ ಕೊಡುವುದು ಜಕಾರ್ತಾದ ಲೆಂಬಾಗಾ ಸೆನ್ಸರ್ ಫಿಲ್ಮ್ ಎಂಬ ಸೆನ್ಸಾರ್ ಮಂಡಳಿ. 2009ರ ಸಿನಿಮಾ ಕಾನೂನಿನ ಪ್ರಕಾರ, ಆಕ್ಷೇಪವಿದ್ದರೆ ಮಂಡಳಿ ಸಿನಿಮಾವನ್ನು ಮಾಲೀಕರಿಗೇ ವಾಪಸ್ ಕಳಿಸುತ್ತದೆ. ತಿದ್ದಿ ತರುವ ಹೊಣೆ ಅವರದು. ಆಮೇಲೆ ‘ಎಲ್ಲ ವಯಸ್ಸು’, 13, 17, 21 ಎಂಬ ನಾಲ್ಕರಲ್ಲಿ ಒಂದು ವರ್ಗ ಸಿಗುತ್ತದೆ. ತೊಡಕಿರುವುದು ಕಾನೂನಿನ ಮಾತಿನಲ್ಲೇ. ಅಶ್ಲೀಲತೆಯನ್ನು ಎತ್ತಿ ತೋರಿಸಬಾರದು, ಧರ್ಮವನ್ನು ಹೀಗಳೆಯಬಾರದು ಎಂದಿದೆಯೇ ಹೊರತು ಎಷ್ಟಾದರೆ ಅಶ್ಲೀಲ ಎಂಬುದಕ್ಕೆ ಅಳತೆಗೋಲಿಲ್ಲ. ಆ ಅಳತೆಯನ್ನು ಹೊರಗಿನವರು ತಮ್ಮ ಕೈಗೆ ತೆಗೆದುಕೊಳ್ಳುತ್ತಾರೆ.

ಅಧ್ಯಕ್ಷ ಸುಹಾರ್ತೊ ಕಾಲದಲ್ಲಿ ರಾಜಕೀಯದ ಮೇಲೆ ಬಿಗಿ ಕಣ್ಣಿತ್ತು, ಬಿಸಿಬಿಸಿ ದೃಶ್ಯಗಳು ಎಷ್ಟೋ ಸಲ ಪಾರಾಗುತ್ತಿದ್ದವು. 1998ರಲ್ಲಿ ಅವರು ಇಳಿದ ಮೇಲೆ ಸಿನಿಮಾದವರಿಗೆ ಬಾಯಿ ಬಂತು, ಧಾರ್ಮಿಕ ಸಂಘಟನೆಗಳಿಗೂ ಬಂತು. 2004ರ ‘ಬುರುವಾನ್ ಚಿಯುಮ್ ಗುವೆ’ ಸೆನ್ಸಾರ್ ದಾಟಿ ಬಂದ ಚಿತ್ರ. ‘ಬೇಗ ಮುತ್ತು ಕೊಡು’ ಎಂಬ ಆ ಹೆಸರೇ ಕಿಡಿ ಹೊತ್ತಿಸಿತು. ಟಿವಿಯ ಜನಪ್ರಿಯ ಪ್ರವಚನಕಾರ ‘ಆಆ ಗಿಮ್’ ಮತ್ತು ಮುಸ್ಲಿಂ ಧರ್ಮಗುರುಗಳ ಉಲೇಮಾ ಮಂಡಳಿ ವಿರೋಧಿಸಿದ ಮೇಲೆ ಚಿತ್ರ ತೆರೆಯಿಂದ ಇಳಿಯಿತು. ಮುಂದೆ ಒಂದಿಷ್ಟು ಕತ್ತರಿಸಿ, ‘ಒಂದು ಮುತ್ತು’ ಎಂಬರ್ಥದ ಹೊಸ ಹೆಸರಿಟ್ಟು ಬಿಡುಗಡೆ ಮಾಡಿದರು.

ಗರಿನ್ ನುಗ್ರೊಹೊ ನಿರ್ದೇಶನದ ‘ಕುಚುಂಬು ತುಬುಹ್ ಇಂದಾಹ್ಕು’ ಕಥೆ ಇನ್ನೂ ನೋವಿನದು. ಲೆಂಗ್ಗೆರ್ ಎಂಬ ಜಾವಾದ ನೃತ್ಯದಲ್ಲಿ ಗಂಡಸರು ಹೆಣ್ಣುವೇಷ ಕಟ್ಟಿ ಕುಣಿಯುವ ಹಳೆಯ ರೂಢಿಯಿದೆ. ನಮ್ಮ ಯಕ್ಷಗಾನದ ಸ್ತ್ರೀವೇಷ ಕಂಡವರಿಗೆ ಇದು ವಿಚಿತ್ರವೆನಿಸದು. ಅಂಥ ಕಲಾವಿದನೊಬ್ಬನ ಬದುಕೇ ಚಿತ್ರದ ವಸ್ತು. 2019ರ ಏಪ್ರಿಲ್‌ನಲ್ಲಿ ಸರ್ಟಿಫಿಕೇಟ್ ಸಮೇತ ತೆರೆಗೆ ಬಂದರೂ, ಸಲಿಂಗಕಾಮಕ್ಕೆ ಕುಮ್ಮಕ್ಕು ಕೊಡುತ್ತದೆಂಬ ಗುಲ್ಲೆದ್ದು, ಜಕಾರ್ತಾಕ್ಕೆ ಅಂಟಿಕೊಂಡಿರುವ ಡೆಪೊಕ್ ನಗರದ ಮೇಯರ್ ಪ್ರದರ್ಶನ ನಿಲ್ಲಿಸಲು ಪತ್ರ ಬರೆದರು. ಬೇರೆ ಕೆಲವು ಊರುಗಳೂ ಅದೇ ದಾರಿ ಹಿಡಿದವು. ತಲೆಮಾರುಗಳಿಂದ ಊರವರೇ ನೋಡುತ್ತ ಬಂದ ಕುಣಿತ ತೆರೆಗೆ ಬಂದಾಗ ನಿಷಿದ್ಧವಾಯಿತು.

ಅದೇ ವರ್ಷದ ಡಿಸೆಂಬರ್‌ನಲ್ಲಿ ಇಂಡೋನೇಷ್ಯಾ ಚಿತ್ರೋತ್ಸವ ಈ ಸಿನಿಮಾಕ್ಕೆ ವರ್ಷದ ಅತ್ಯುತ್ತಮ ಚಿತ್ರ ಪ್ರಶಸ್ತಿ ಕೊಟ್ಟಿತು.