ನಂದಿ ಬೆಟ್ಟದಿಂದ ಇಳಿದ ಎರಡು ಭಾಷೆಗಳು

ಮಕ್ಕಳು ಗುಟ್ಟಿನ ಮಾತಾಡುವುದನ್ನು ನೀವು ಕೇಳಿರಬಹುದು. ಪ್ರತಿ ಅಕ್ಷರಕ್ಕೂ ಮುಂಚೆ ಒಂದು ‘ಕ’ ಸೇರಿಸಿ, ‘ನೀನು ಬಾ’ ಅನ್ನುವುದನ್ನು ‘ಕನೀಕನು ಕಬಾ’ ಅಂತಾರೆ. ದೊಡ್ಡವರಿಗೆ ತಿಳಿಯಬಾರದು, ಅಷ್ಟೇ. ಆದರೆ ಇದು ಹೊಸ ಭಾಷೆಯಲ್ಲ. ‘ಕ’ ತೆಗೆದರೆ ಉಳಿಯುವುದು ಕನ್ನಡವೇ.

ಕಲ್ಪನೆಯ ಲೋಕದ ಕಥೆಗಳಲ್ಲಿ ಬರುವ ಎಷ್ಟೋ ಭಾಷೆಗಳೂ ಹೀಗೇ ಇರುತ್ತವೆ. ನೀರಿಗೊಂದು ವಿಚಿತ್ರ ಪದ, ಕತ್ತಿಗೊಂದು ವಿಚಿತ್ರ ಪದ, ಮುಗೀತು. ಓದುವಾಗ ಏನೋ ಸಪ್ಪೆ ಅನಿಸುತ್ತದೆ. ಪದಗಳು ಕಡಿಮೆಯಾದವು ಅಂತಲ್ಲ. ಆ ಭಾಷೆಗೆ ನಿನ್ನೆ ಅನ್ನುವುದೇ ಇಲ್ಲ, ಅದಕ್ಕೆ. ನಿಜವಾದ ಯಾವ ಭಾಷೆಯೂ ಇವತ್ತು ಹುಟ್ಟಿದ್ದಲ್ಲ ಅಲ್ವಾ? ಬಾಯಿಂದ ಬಾಯಿಗೆ ದಾಟುತ್ತಾ, ಸವೆಯುತ್ತಾ ಬಂದಿರುತ್ತದೆ. ಕಟ್ಟಿದ ಭಾಷೆಯಲ್ಲಿ ಆ ಸವೆತ ಕಂಡರೆ ಮಾತ್ರ ಅದು ನಂಬುವ ಹಾಗಿರುತ್ತದೆ.

ಇದನ್ನು ಎಲ್ಲರಿಗಿಂತ ಚೆನ್ನಾಗಿ ಮಾಡಿ ತೋರಿಸಿದವರು ಜೆ. ಆರ್. ಆರ್. ಟೋಲ್ಕಿನ್. ಆಕ್ಸ್‌ಫರ್ಡ್‌ನಲ್ಲಿ ಹಳೆಯ ಇಂಗ್ಲಿಷ್ ಪಾಠ ಮಾಡುತ್ತಿದ್ದವರು. 1915ರ ಹೊತ್ತಿಗೇ ತಾವೇ ಕಟ್ಟುತ್ತಿದ್ದ ಕ್ವೆನ್ಯ ಅನ್ನುವ ಭಾಷೆಯ ಪದಕೋಶ ಬರೆಯಲು ಕೂತಿದ್ದರು. ಅವರಿಗೆ ಹೆಸರು ತಂದ ದೊಡ್ಡ ಕಾದಂಬರಿ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಅಚ್ಚಾಗತೊಡಗಿದ್ದು 1954ರಲ್ಲಿ. ಅಂದರೆ ಭಾಷೆ ಮೊದಲು, ಕಥೆ ಆಮೇಲೆ. ಕ್ವೆನ್ಯಕ್ಕೆ ಸಿಂಡರಿನ್ ಅನ್ನುವ ತಂಗಿ ಭಾಷೆಯೂ ಇದೆ. ಒಂದಕ್ಕೆ ಫಿನ್ನಿಶ್ ಭಾಷೆಯ ಪ್ರೇರಣೆ, ಇನ್ನೊಂದಕ್ಕೆ ವೆಲ್ಶ್ ಭಾಷೆಯದು. ಆದರೂ ಎರಡನ್ನೂ ಒಂದೇ ತಾಯಿ ಭಾಷೆಯಿಂದ ಹುಟ್ಟಿಸಿದರು. ತಾಯಿ ಭಾಷೆಯಲ್ಲಿ ಮರಕ್ಕೆ ‘ಗಲದಾ’. ಕ್ವೆನ್ಯದಲ್ಲಿ ಮೊದಲಿನ ‘ಗ’ ಬಿದ್ದುಹೋಯಿತು, ನಡುವಿನ ಸ್ವರವೂ ಹೋಯಿತು, ‘ಅಲ್ದ’ ಆಯಿತು. ಸಿಂಡರಿನ್‌ನಲ್ಲಿ ಕೊನೆಯ ಸ್ವರ ಉದುರಿ, ‘ದ’ ಮೆತ್ತಗಾಗಿ, ‘ಗಲದ್’ ಅಂತ ನಿಂತಿತು. ಇದು ಬರೀ ಮರದ ಕಥೆಯಲ್ಲ. ಅಂಥ ಬೇರೆ ಪದಗಳಿಗೂ ಅದೇ ನಿಯಮ ಹಾಕಿದರು.

ಕೋಲಾರ, ಚಿಕ್ಕಬಳ್ಳಾಪುರದ ಕಡೆಯವರಿಗೆ ಇದನ್ನು ಜಾಸ್ತಿ ವಿವರಿಸಬೇಕಿಲ್ಲ. ಬಾಗೇಪಲ್ಲಿ, ಚಿಂತಾಮಣಿ, ಶ್ರೀನಿವಾಸಪುರದಲ್ಲಿ ಒಂದೇ ಅಂಗಡಿಯ ಮುಂದೆ ಕನ್ನಡ, ತೆಲುಗು ಎರಡೂ ಓಡಾಡುತ್ತವೆ. ನಮ್ಮ ಹಾಲು ಅವರ ಪಾಲು. ಹುಲಿ ಪುಲಿ, ಹಂದಿ ಪಂದಿ, ಹಾವು ಪಾಮು. ಊರ ಹೆಸರಿನ ಬಾಲದಲ್ಲಿ ಒಂದು ಕಡೆ ಹಳ್ಳಿ, ಇನ್ನೊಂದು ಕಡೆ ಪಲ್ಲಿ. ಇಲ್ಲಿ ಬದಲಾದದ್ದು ಕನ್ನಡ. ಹತ್ತನೇ ಶತಮಾನದ ಪಂಪನಿಗೂ ಹುಲಿ ‘ಪುಲಿ’ಯೇ ಆಗಿತ್ತು. ಇನ್ನೊಂದು ಕಡೆ ನೋಡಿ: ಕಿವಿ ಚೆವಿ, ಕೆರೆ ಚೆರುವು, ಕೆಡು ಚೆಡು. ಇಲ್ಲಿ ಬದಲಾದದ್ದು ತೆಲುಗು. 1816ರಲ್ಲೇ ಮದ್ರಾಸಿನ ಬ್ರಿಟಿಷ್ ಅಧಿಕಾರಿ ಎಫ್. ಡಬ್ಲ್ಯು. ಎಲ್ಲಿಸ್ ಈ ಭಾಷೆಗಳದ್ದು ಒಂದೇ ಬೇರು, ಆ ಬೇರು ಸಂಸ್ಕೃತದ್ದಲ್ಲ ಎಂದು ಪದಗಳನ್ನು ಪಕ್ಕಪಕ್ಕ ಇಟ್ಟು ತೋರಿಸಿದರು.

ಇದೆಲ್ಲ ಸುಮ್ನೆ ಆಗುವುದಿಲ್ಲ. ಒಮ್ಮೆ ‘ಕು’ ಅನ್ನಿ, ಆಮೇಲೆ ನಿಧಾನವಾಗಿ ‘ಕಿ’ ಅನ್ನಿ. ‘ಕು’ ಅನ್ನುವಾಗ ನಾಲಿಗೆ ಬಾಯಿಯ ಹಿಂಭಾಗದಲ್ಲಿ ತಗಲುತ್ತದೆ. ‘ಕಿ’ ಅನ್ನುವಾಗ ತಗಲುವ ಜಾಗ ಮುಂದಕ್ಕೆ ಬರುತ್ತದೆ. ‘ಇ’ ನುಡಿಯಲು ನಾಲಿಗೆ ಮುಂದೆ ಏಳಬೇಕು, ಆ ತಯಾರಿ ‘ಕ’ ಬರುವಾಗಲೇ ಶುರುವಾಗಿರುತ್ತದೆ. ತಲೆಮಾರುಗಳು ಕಳೆದು ಆ ಜಾಗ ಇನ್ನೂ ಮುಂದೆ ಹೋದರೆ ಸಿಗುವುದು ‘ಚ’. ಗದ್ದಕ್ಕೆ ಜರ್ಮನ್ನರು ‘ಕಿನ್’ ಅಂತಾರೆ, ಇಂಗ್ಲಿಷಿನವರು ‘ಚಿನ್’ ಅಂತಾರೆ. ಅಲ್ಲಿಯೂ ಇದೇ ನಡೆದಿದೆ. ‘ಪ’ದ ಕಥೆ ಇನ್ನೂ ಸುಲಭ. ತುಟಿಗಳು ಪೂರ್ತಿ ಮುಚ್ಚದೆ ಉಸಿರು ಹೊರಟರೆ ಕೊನೆಗೆ ಉಳಿಯುವುದು ‘ಹ’.

ಈಗ ನಾವೇ ಒಂದು ಭಾಷೆ ಕಟ್ಟೋಣ. ನಂದಿ ಬೆಟ್ಟದ ಸಾಲಿನಲ್ಲಿ ಒಂದು ಕಾಲ್ಪನಿಕ ಜನ ಇದ್ದರು ಅಂತಿಟ್ಟುಕೊಳ್ಳಿ. ಅವರಿಗೆ ಬಂಡೆ ಅಂದರೆ ‘ಪಾನೆ’, ನೀರು ಅಂದರೆ ‘ಕೆಮು’, ಕೆರೆ ಅಂದರೆ ‘ಕೆಪಲು’. ಮಳೆ ಕೈಕೊಟ್ಟಿತು, ಜನ ಎರಡಾದರು. ಈ ಬೆಟ್ಟದ ಸಾಲಿನಲ್ಲಿ ಹುಟ್ಟುವ ಉತ್ತರ ಪಿನಾಕಿನಿ ಆಂಧ್ರದ ಕಡೆ ಹರಿಯುತ್ತದೆ, ದಕ್ಷಿಣ ಪಿನಾಕಿನಿ ತಮಿಳುನಾಡಿನ ಕಡೆ. ಅರ್ಧ ಜನ ಆ ನದಿಯ ಜೊತೆ, ಅರ್ಧ ಜನ ಈ ನದಿಯ ಜೊತೆ ಹೊರಟರು.

ಉತ್ತರದವರ ಬಾಯಲ್ಲಿ ‘ಎ’, ‘ಇ’ ಮುಂದಿದ್ದರೆ ‘ಕ’ ಹೋಗಿ ‘ಚ’ ಆಯಿತು. ನೀರು ‘ಚೆಮು’, ಕೆರೆ ‘ಚೆಪಲು’. ಬಂಡೆ ‘ಪಾನೆ’ಯಾಗಿಯೇ ಉಳಿಯಿತು. ದಕ್ಷಿಣದವರಲ್ಲಿ ‘ಪ’ಗಳೆಲ್ಲ ‘ಹ’ ಆದವು. ಬಂಡೆ ‘ಹಾನೆ’, ಕೆರೆ ‘ಕೆಹಲು’. ಇನ್ನಷ್ಟು ಕಾಲದ ಮೇಲೆ ಪದದ ನಡುವಿನ ‘ಹ’ ಕರಗಿ, ಸ್ವರಗಳೆರಡೂ ಕೂಡಿಕೊಂಡು, ಕೆರೆ ‘ಕೇಲು’ ಆಯಿತು. ಈಗ ‘ಚೆಪಲು’, ‘ಕೇಲು’ ಎರಡನ್ನೂ ಪಕ್ಕಪಕ್ಕ ಇಡಿ. ಇವು ಒಡಹುಟ್ಟಿದವು ಅಂತ ಯಾರಿಗೂ ಅನಿಸುವುದಿಲ್ಲ. ನಿಯಮ ಗೊತ್ತಿದ್ದವರು ಮಾತ್ರ ಹಿಂದಕ್ಕೆ ನಡೆದು ‘ಕೆಪಲು’ ಮುಟ್ಟಬಹುದು. ನನಗೆ ಈ ಕೆಲಸದಲ್ಲಿ ತುಂಬಾ ಇಷ್ಟವಾಗುವ ಘಟ್ಟ ಇದು.

ನಿಯಮಗಳ ಸರದಿಯೂ ಮುಖ್ಯ. ನಡುವಿನ ‘ಹ’ ಕರಗುವ ಕಾಲ ಮೊದಲೇ ಬಂದು ಹೋಗಿ, ‘ಪ’ ಆಮೇಲೆ ‘ಹ’ ಆಗಿದ್ದರೆ? ಕರಗಲು ಆಗ ‘ಹ’ವೇ ಇರುತ್ತಿರಲಿಲ್ಲ. ಕೆರೆ ಇವತ್ತಿಗೂ ‘ಕೆಹಲು’. 1870ರ ದಶಕದಲ್ಲಿ ಜರ್ಮನಿಯ ಲೈಪ್‌ಜಿಗ್‌ನ ಯುವ ವಿದ್ವಾಂಸರು ಇಂಥ ನಿಯಮಗಳಿಗೆ ವಿನಾಯಿತಿಯೇ ಇಲ್ಲ ಎಂದು ಪಟ್ಟು ಹಿಡಿದರು. ತಪ್ಪಿದ ಪದ ಕಂಡರೆ ಅದಕ್ಕೆ ಬೇರೆ ಕಾರಣ ಹುಡುಕಿ ಅಂದರು.

  

ಇನ್ನು ನಿಯಮ ತಪ್ಪಿದ ಪದಗಳ ವಿಷಯ. ಕನ್ನಡದಲ್ಲಿ ‘ಪ’ ಹೋಯಿತು ಅಂತೀವಿ, ಆದರೆ ಪುಸ್ತಕ ಇದೆ, ಪಾಪ ಇದೆ, ಪೆನ್ನು, ಪೊಲೀಸು ಎಲ್ಲ ಇವೆ. ಅವು ಸಂಸ್ಕೃತ, ಇಂಗ್ಲಿಷಿನಿಂದ ಎರವಲು ಬಂದವು. ನಮ್ಮ ನಂದಿಯ ಜನಕ್ಕೂ ಇಂಥ ಎರವಲು ಬೇಕು. ಉತ್ತರದವರು ಒಳ್ಳೆಯ ಬೀಸುವ ಕಲ್ಲು ಕಡೆಯುತ್ತಾರೆ ಅನ್ನಿ. ಸಂತೆಯಲ್ಲಿ ಅದನ್ನು ಕೊಂಡ ದಕ್ಷಿಣದವರು ಉತ್ತರದ ಹೆಸರನ್ನೂ ಜೊತೆಗೇ ತಂದರು. ಈಗ ಅವರಿಗೆ ಹೊಲದಲ್ಲಿರುವುದು ‘ಹಾನೆ’, ರಾಗಿ ಬೀಸುವುದು ‘ಪಾನೆ’. ಎರಡೂ ಒಂದೇ ಪದ ಅಂತ ಅವರ ಮಕ್ಕಳಿಗೆ ಗೊತ್ತಿಲ್ಲ.