ನೇಯ್ದ ಮೆಮೊರಿ, ಮಣಿಯದ ಕಂಪ್ಯೂಟರ್

1960ರ ದಶಕದಲ್ಲಿ ಅಮೆರಿಕದ ಮ್ಯಾಸಚೂಸೆಟ್ಸ್‌ನ ವಾಲ್ಥಮ್ ಊರಿನ ರೇಥಿಯಾನ್ ಕಾರ್ಖಾನೆಯಲ್ಲಿ ಕಂಪ್ಯೂಟರ್ ಪ್ರೋಗ್ರಾಂಗಳನ್ನು ಕೈಯಿಂದ ನೇಯುತ್ತಿದ್ದರು. ಇದು ಅಲಂಕಾರಕ್ಕೆ ಹೇಳಿದ ಮಾತಲ್ಲ. ಚೌಕಟ್ಟಿನ ಆಚೆಗೊಬ್ಬರು ಈಚೆಗೊಬ್ಬರು ಹೆಂಗಸರು ಕೂತು, ತೆಳುವಾದ ತಂತಿ ಪೋಣಿಸಿದ ಸೂಜಿಯನ್ನು ಒಬ್ಬರಿಂದೊಬ್ಬರಿಗೆ ದಾಟಿಸುತ್ತಿದ್ದರು. ನಡುವೆ ಪುಟ್ಟ ಪುಟ್ಟ ಕಾಂತೀಯ ಉಂಗುರಗಳ ಸಾಲು. ತಂತಿ ಉಂಗುರದೊಳಗೆ ತೂರಿ ಹೋದರೆ 1, ತೂರದೆ ಪಕ್ಕದಲ್ಲಿ ಹಾದು ಹೋದರೆ 0. ಒಂದೊಂದು ಮಾಡ್ಯೂಲಿನಲ್ಲಿ 512 ಉಂಗುರ, ಒಂದು ಕಂಪ್ಯೂಟರಿಗೆ ಅಂಥ ಆರು ಮಾಡ್ಯೂಲು. ವಾರಗಟ್ಟಲೆ ನಡೆಯುವ ಈ ನೇಯ್ಗೆ ಮುಗಿದ ಮೇಲೆ ಪ್ರೋಗ್ರಾಂನಲ್ಲಿ ತಪ್ಪು ಕಂಡರೆ ಅಳಿಸಿ ಬರೆಯುವ ಹಾಗಿರಲಿಲ್ಲ. ಬರೆದದ್ದು ತಂತಿಯಾಗಿ ಕೂತುಬಿಟ್ಟಿರುತ್ತಿತ್ತು.

ಮನುಷ್ಯರನ್ನು ಚಂದ್ರನ ಮೇಲೆ ಇಳಿಸಿದ ಅಪೊಲೊ ಗೈಡೆನ್ಸ್ ಕಂಪ್ಯೂಟರಿನ ಶಾಶ್ವತ ಮೆಮೊರಿ ಇದು. ಒಟ್ಟು 36,864 ಪದಗಳು (ಪದವೆಂದರೆ ಇಲ್ಲಿ ಕಂಪ್ಯೂಟರ್ ಒಮ್ಮೆಗೆ ಕೈಗೆತ್ತಿಕೊಳ್ಳುವ ಸೊನ್ನೆ-ಒಂದುಗಳ ಗುಂಪು), ಅಂದರೆ ಇವತ್ತಿನ ಲೆಕ್ಕದಲ್ಲಿ ಸುಮಾರು 72 ಕಿಲೋಬೈಟ್. ಅಳಿಸಿ ಬರೆಯಬಹುದಾದ ಮೆಮೊರಿ ಇದ್ದದ್ದು ಬರೀ 4 ಕಿಲೋಬೈಟ್. ಎರಡು ಸಂಖ್ಯೆ ಕೂಡಿಸಲು ಅದಕ್ಕೆ ಸುಮಾರು 23 ಮೈಕ್ರೊಸೆಕೆಂಡ್ ಬೇಕಿತ್ತು. ನಮ್ಮ ಫೋನಿನಲ್ಲಿ 8 ಜಿಬಿ ರ‍್ಯಾಮ್ ಇದ್ದರೆ ಅದು ಆ 4 ಕಿಲೋಬೈಟಿನ ಸುಮಾರು 20 ಲಕ್ಷ ಪಟ್ಟು. 3 ಎಂಬಿಯ ಒಂದೇ ಒಂದು ಫೋಟೊ ಹಿಡಿಸಬೇಕಾದರೂ ಅಂಥ ನಲವತ್ತು ಕಂಪ್ಯೂಟರುಗಳ ಮೆಮೊರಿ ಬೇಕು.

ಈ ಹೋಲಿಕೆಯನ್ನು ನಾವೆಲ್ಲ ಕೇಳಿದ್ದೇವೆ. ಲೆಕ್ಕದಲ್ಲಿ ತಪ್ಪಿಲ್ಲ. ನನ್ನ ತಕರಾರು ಅಳತೆಗೋಲಿನ ಬಗ್ಗೆ. ವೇಗ, ಮೆಮೊರಿ ಇವೆರಡನ್ನೇ ಅಳೆದರೆ ಆ ಯಂತ್ರ ಮಕ್ಕಳ ಆಟಿಕೆಯಂತೆ ಕಾಣುತ್ತದೆ. ಅದನ್ನು ಕಟ್ಟಿದವರ ತಲೆ ತಿಂದದ್ದು ಬೇರೆಯೇ ಪ್ರಶ್ನೆ: ಏನಾದರೂ ಎಡವಟ್ಟಾದಾಗ ಇದು ಹೇಗೆ ನಡೆದುಕೊಳ್ಳುತ್ತದೆ?

ಅದಕ್ಕೂ ಮೊದಲಿನ ಮರ್ಕ್ಯುರಿ ನೌಕೆಗಳಲ್ಲಿ ಕಂಪ್ಯೂಟರೇ ಇರಲಿಲ್ಲ. ಲೆಕ್ಕವೆಲ್ಲ ನೆಲದ ಮೇಲೆಯೇ. 1965ರಲ್ಲಿ ಜನರನ್ನು ಹೊತ್ತು ಹಾರಿದ ಜೆಮಿನಿಯಲ್ಲಿ ಐಬಿಎಂ ತಯಾರಿಸಿದ ಕಂಪ್ಯೂಟರ್ ಇತ್ತು. ಚಂದ್ರಯಾನದ ಕೆಲಸ ಎಂಐಟಿಯ ಇನ್‌ಸ್ಟ್ರುಮೆಂಟೇಶನ್ ಲ್ಯಾಬೊರೇಟರಿಗೆ ಸಿಕ್ಕಿದ್ದು 1961ರಲ್ಲಿ. ಆಗಿನ ದೊಡ್ಡ ಕಂಪ್ಯೂಟರುಗಳು ಕೋಣೆ ತುಂಬಿಕೊಳ್ಳುತ್ತಿದ್ದವು. ಇಲ್ಲಿಯವರು ಸುಮಾರು 32 ಕಿಲೊ ತೂಕದ, 55 ವಾಟ್ ವಿದ್ಯುತ್ತಿನಲ್ಲಿ ನಡೆಯುವ ಪೆಟ್ಟಿಗೆ ಮಾಡಬೇಕಿತ್ತು. ಆಗಷ್ಟೇ ಕಣ್ಣು ಬಿಡುತ್ತಿದ್ದ ಇಂಟಿಗ್ರೇಟೆಡ್ ಸರ್ಕ್ಯೂಟನ್ನು, ಅಂದರೆ ಚಿಪ್ಪನ್ನು, ಅವರು ನಂಬಿದರು. ಅದರಲ್ಲೂ ತರ್ಕದ ಕೆಲಸಕ್ಕೆಲ್ಲ ನಾರ್ ಗೇಟ್ ಎಂಬ ಒಂದೇ ಬಗೆಯ ಚಿಪ್ಪು. ಒಂದೇ ಬಗೆಯದಾದರೆ ಸಾವಿರಗಟ್ಟಲೆ ಕೊಂಡು, ಕಟ್ಟುನಿಟ್ಟಾಗಿ ಪರೀಕ್ಷಿಸಿ, ಕಳಪೆಯನ್ನೆಲ್ಲ ಹೊರಗೆ ಹಾಕಬಹುದು.

ಪರೀಕ್ಷೆಯ ಗಳಿಗೆ ಬಂದದ್ದು 1969ರ ಜುಲೈ 20ರಂದು. ಅಪೊಲೊ 11ರ ಈಗಲ್ ಚಂದ್ರನ ನೆಲದಿಂದ ಸುಮಾರು 10 ಕಿಲೋಮೀಟರ್ ಎತ್ತರದಲ್ಲಿದ್ದಾಗ ಕಂಪ್ಯೂಟರ್ 1202 ಎಂಬ ಎಚ್ಚರಿಕೆ ಕೊಟ್ಟಿತು. ಒಳಗಿದ್ದ ಆರ್ಮ್‌ಸ್ಟ್ರಾಂಗ್ ಮತ್ತು ಆಲ್ಡ್ರಿನ್‌ಗೆ ಆ ಸಂಖ್ಯೆಯ ಅರ್ಥ ಗೊತ್ತಿರಲಿಲ್ಲ. ಹ್ಯೂಸ್ಟನ್‌ನ ನಿಯಂತ್ರಣ ಕೇಂದ್ರದಲ್ಲಿ ಮಾರ್ಗದರ್ಶನದ ಹೊಣೆ ಹೊತ್ತಿದ್ದ ಸ್ಟೀವ್ ಬೇಲ್ಸ್‌ಗೆ ಆಗ 26 ವರ್ಷ. ಅವರ ಬೆನ್ನಿಗಿದ್ದ ಜ್ಯಾಕ್ ಗಾರ್ಮನ್‌ಗೆ 24. ಕೆಲವೇ ದಿನಗಳ ಹಿಂದೆ ತಾಲೀಮಿನಲ್ಲಿ ಇಂಥದ್ದೇ ಎಚ್ಚರಿಕೆ ಬಂದಾಗ ಇಳಿಯುವುದನ್ನು ಕೈಬಿಡಲು ಹೇಳಿ ಬೇಲ್ಸ್ ತಂಡ ತಪ್ಪು ಮಾಡಿತ್ತು. ಆಮೇಲೆ ಗಾರ್ಮನ್ ಒಂದೊಂದು ಎಚ್ಚರಿಕೆಗೂ ಏನು ಮಾಡಬೇಕೆಂದು ಕೈಬರಹದಲ್ಲಿ ಪಟ್ಟಿ ಮಾಡಿಟ್ಟುಕೊಂಡಿದ್ದರು. ಆ ಪಟ್ಟಿ ನೋಡಿ ಅವರು ಹೇಳಿದ್ದು: ಎಚ್ಚರಿಕೆ ಬಿಡದೆ ಬರುತ್ತಿಲ್ಲವಾದರೆ ಮುಂದುವರಿಯಬಹುದು. ಬೇಲ್ಸ್ ಹಸಿರು ನಿಶಾನೆ ಕೊಟ್ಟರು.

ಆಗಿದ್ದಿಷ್ಟು. ಇಳಿಯುವಾಗ ಬೇಕಿಲ್ಲದ ಇನ್ನೊಂದು ರೇಡಾರ್, ವಿದ್ಯುತ್ ಪೂರೈಕೆಯಲ್ಲಿದ್ದ ತಾಳ ತಪ್ಪಿನಿಂದಾಗಿ, ಹುರುಳಿಲ್ಲದ ಸಂಕೇತಗಳನ್ನು ಕಂಪ್ಯೂಟರಿಗೆ ಸುರಿಯುತ್ತಿತ್ತು. ಅದರ ಸಮಯದ ಸುಮಾರು ಏಳನೇ ಒಂದು ಪಾಲು ಅದಕ್ಕೇ ಹೋಗುತ್ತಿತ್ತು. ಕೆಲಸ ಮುಗಿಯದೆ ರಾಶಿ ಬಿದ್ದು, ಹೊಸ ಕೆಲಸಕ್ಕೆ ಮೆಮೊರಿಯಲ್ಲಿ ಜಾಗವೇ ಉಳಿಯಲಿಲ್ಲ. ನಮ್ಮ ಮೇಜಿನ ಮೇಲಿನ ಯಂತ್ರವಾಗಿದ್ದರೆ ಹೆಪ್ಪುಗಟ್ಟಿ ನಿಲ್ಲುತ್ತಿತ್ತು. ಹ್ಯಾಲ್ ಲ್ಯಾನಿಂಗ್ ರೂಪಿಸಿದ್ದ ವ್ಯವಸ್ಥೆ ಮಾತ್ರ ಪ್ರತಿ ಕೆಲಸಕ್ಕೂ ಮಹತ್ವದ ಅಂಕ ಕೊಟ್ಟಿತ್ತು. ಕಂಪ್ಯೂಟರ್ ಕೈಲಿದ್ದದ್ದನ್ನೆಲ್ಲ ಕೆಳಗೆ ಹಾಕಿ, ಕಣ್ಣು ಮಿಟುಕಿಸುವಷ್ಟರಲ್ಲಿ ಮರಳಿ ಎದ್ದು, ನೌಕೆಯನ್ನು ಇಳಿಸುವ ಕೆಲಸವನ್ನು ಬಿಟ್ಟಲ್ಲಿಂದಲೇ ಎತ್ತಿಕೊಂಡಿತು. ಬಾಕಿಯವು ಕಾಯಲಿ. ಇಳಿಯುವಷ್ಟರಲ್ಲಿ ಹೀಗೆ ಐದು ಸಲ ಆಯಿತು. ನೌಕೆಯ ಸಾಫ್ಟ್‌ವೇರ್ ತಂಡವನ್ನು ಮುನ್ನಡೆಸಿದ ಮಾರ್ಗರೆಟ್ ಹ್ಯಾಮಿಲ್ಟನ್ ಮತ್ತು ಅವರ ಜೊತೆಗಾರರ ಹಿರಿಮೆ ಇರುವುದು ಇಲ್ಲಿ, 4 ಕಿಲೋಬೈಟಿನ ಬಡತನದಲ್ಲಲ್ಲ.

ಹಾಗಾದರೆ ಈಗಿನ ನೌಕೆಗಳಲ್ಲಿ ಈಗಿನ ಚಿಪ್ಪುಗಳಿರಬೇಕಲ್ಲ? ಬಹುಪಾಲು ಇಲ್ಲ. 2021ರಲ್ಲಿ ಮಂಗಳನ ಮೇಲಿಳಿದ ನಾಸಾ ರೋವರ್ ಪರ್ಸಿವಿಯರೆನ್ಸ್‌ನ ಮುಖ್ಯ ಪ್ರೊಸೆಸರ್ ರ‍್ಯಾಡ್750, ವೇಗ 200 ಮೆಗಾಹರ್ಟ್ಸ್. 1998ರ ಐಮ್ಯಾಕ್‌ನಲ್ಲಿದ್ದ ಚಿಪ್ಪಿನ ವಿಕಿರಣ ತಡೆಯುವ ರೂಪ ಅದು. ಬಾಹ್ಯಾಕಾಶದಲ್ಲಿ ಕಾಸ್ಮಿಕ್ ಕಿರಣದ ಒಂದು ಕಣ ಚಿಪ್ಪಿಗೆ ಹೊಕ್ಕರೆ ಸಾಕು, 0 ಇದ್ದದ್ದು 1 ಆಗಬಹುದು. ಟ್ರಾನ್ಸಿಸ್ಟರ್ ಚಿಕ್ಕದಾದಷ್ಟೂ ಅದರಲ್ಲಿರುವ ವಿದ್ಯುದಂಶ ಕಡಿಮೆ, ಹಾಗಾಗಿ ಅದನ್ನು ಕದಲಿಸುವುದು ಸುಲಭ. ಎರಡು ಕಂಪ್ಯೂಟರ್ ಒಯ್ಯುವುದೂ ಅದೇ ಭಯಕ್ಕೆ. 2013ರಲ್ಲಿ ಮಂಗಳನ ಮೇಲಿದ್ದ ಇನ್ನೊಂದು ರೋವರ್ ಕ್ಯೂರಿಯಾಸಿಟಿಯ ಒಂದು ಕಂಪ್ಯೂಟರಿನ ಮೆಮೊರಿ ಕೈಕೊಟ್ಟಾಗ ಎರಡನೆಯದು ನೊಗಕ್ಕೆ ಹೆಗಲು ಕೊಟ್ಟಿತು. ಪರ್ಸಿವಿಯರೆನ್ಸ್ ಜೊತೆ ಹೋದ ಇಂಜೆನ್ಯೂಯಿಟಿ ಹೆಲಿಕಾಪ್ಟರಿನಲ್ಲಿ ಫೋನುಗಳಲ್ಲಿ ಬಳಸುವ ಸ್ನ್ಯಾಪ್‌ಡ್ರ್ಯಾಗನ್ 801 ಇತ್ತು, ಐದು ಹಾರಾಟಕ್ಕೆಂದು ಕಳಿಸಿದ್ದು 72 ಸಲ ಹಾರಿತು. ಆದರೆ ಕ್ಷಣಕ್ಷಣದ ಹಾರಾಟ ನಿಯಂತ್ರಣವನ್ನು ಆ ಚಿಪ್ಪಿಗೆ ಬಿಟ್ಟಿರಲಿಲ್ಲ, ಅದಕ್ಕೆ ಬೇರೆಯೇ ಜೋಡಿ ಕಂಟ್ರೋಲರ್‌ಗಳಿದ್ದವು.

ಇವುಗಳಿಗಿಂತ ಹಳೆಯ ಉದಾಹರಣೆಯೊಂದು ಇನ್ನೂ ಜೀವಂತವಾಗಿದೆ. 1977ರಲ್ಲಿ ಹೊರಟ ನಾಸಾ ನೌಕೆ ವಾಯೇಜರ್ 1ರ ಕಂಪ್ಯೂಟರುಗಳ ಒಟ್ಟು ಮೆಮೊರಿ ಸುಮಾರು 70 ಕಿಲೋಬೈಟ್. 2023ರ ನವೆಂಬರಿನಲ್ಲಿ ಅದು ಅರ್ಥವಿಲ್ಲದ ಸೊನ್ನೆ-ಒಂದುಗಳನ್ನು ಕಳಿಸತೊಡಗಿತು. ಮಾಹಿತಿಯನ್ನು ಜೋಡಿಸುವ ಕಂಪ್ಯೂಟರಿನ ಒಂದು ಮೆಮೊರಿ ಚಿಪ್ಪು ಕೆಟ್ಟಿತ್ತು. ನೌಕೆ 2400 ಕೋಟಿ ಕಿಲೋಮೀಟರ್ ದೂರದಲ್ಲಿತ್ತು, ಒಂದು ಆದೇಶ ಅಲ್ಲಿಗೆ ಮುಟ್ಟಲು ಇಪ್ಪತ್ತೆರಡೂವರೆ ಗಂಟೆ. ಕೆಟ್ಟ ಜಾಗದಲ್ಲಿದ್ದ ಕೋಡನ್ನು ಇಡಿಯಾಗಿ ಎತ್ತಿಡುವಷ್ಟು ಖಾಲಿ ಜಾಗ ಒಂದೇ ಕಡೆ ಎಲ್ಲೂ ಇರಲಿಲ್ಲ. ಎಂಜಿನಿಯರುಗಳು ಅದನ್ನು ತುಂಡು ತುಂಡು ಮಾಡಿ, ಸಿಕ್ಕ ಸಂದುಗಳಲ್ಲಿ ತುರುಕಿ, ತುಂಡುಗಳು ಒಂದಕ್ಕೊಂದು ಕೈ ಹಿಡಿಯುವಂತೆ ವಿಳಾಸಗಳನ್ನು ತಿದ್ದಿ 2024ರ ಏಪ್ರಿಲ್ 18ರಂದು ಕಳಿಸಿದರು. ಎರಡು ದಿನ ಕಾದರು. 20ರಂದು ಉತ್ತರ ಬಂತು. ಐದು ತಿಂಗಳಾದ ಮೇಲೆ ಮೊದಲ ಸಲ, ನೌಕೆ ತನ್ನ ಆರೋಗ್ಯದ ವಿವರವನ್ನು ಓದಲು ಬರುವ ಹಾಗೆ ಕಳಿಸಿತ್ತು.