ಪದ ಪರಿಚಯ: ಫ್ರೀ ಪಿಸ್ತೂಲು

‘ಫ್ರೀ ಪಿಸ್ತೂಲು’ ಎಂಬ ಹೆಸರಿನಲ್ಲಿರುವ ‘ಫ್ರೀ’ ಎಂಬುದಕ್ಕೆ ಪುಕ್ಕಟೆ ಎಂಬ ಅರ್ಥವಿಲ್ಲ. ಶೂಟಿಂಗ್ ಸ್ಪರ್ಧೆಯ ನಿಯಮಗಳ ಬಿಗಿ ಆದಷ್ಟು ಸಡಿಲವಾಗಿರುವ ಪಿಸ್ತೂಲು ಎಂಬುದೇ ಅದರ ಅರ್ಥ. ಕನ್ನಡದಲ್ಲಿ ‘ಮುಕ್ತ ಪಿಸ್ತೂಲು’ ಎನ್ನಬಹುದು. ಅಂತರರಾಷ್ಟ್ರೀಯ ಶೂಟಿಂಗ್ ಫೆಡರೇಷನ್ ಈ ಪಿಸ್ತೂಲಿನ ಸ್ಪರ್ಧೆಗೆ ಇಟ್ಟಿರುವ ಈಗಿನ ಹೆಸರು ‘50 ಮೀಟರ್ ಪಿಸ್ತೂಲು’. ಆದರೆ ಹಳೆಯ ಹೆಸರಿನಲ್ಲಿ ಈ ಆಯುಧದ ಸ್ವಭಾವವೇ ಅಡಗಿರುವುದರಿಂದ ಶೂಟರ್‌ಗಳು ಅದನ್ನು ಬಿಟ್ಟಿಲ್ಲ.

ಈ ಸ್ವಾತಂತ್ರ್ಯ ದೊರೆಯುವುದು ಮುಖ್ಯವಾಗಿ ಪಿಸ್ತೂಲು ತಯಾರಿಸುವ ಕುಶಲಕರ್ಮಿಗೆ. ನಳಿಕೆ ಎಷ್ಟು ಉದ್ದವಿರಬೇಕು, ಒಟ್ಟು ತೂಕ ಎಷ್ಟಿರಬೇಕು, ಟ್ರಿಗರ್ ಎಷ್ಟು ಹಗುರವಾಗಿರಬೇಕು ಎಂಬುದೆಲ್ಲ ಅವನ ಮತ್ತು ಶೂಟರ್‌ನ ಆಯ್ಕೆ. ಶೂಟರ್‌ಗೆ ಮಾತ್ರ ಯಾವ ರಿಯಾಯಿತಿಯೂ ಇಲ್ಲ. ಅವನು ನಿಂತು, ಒಂದೇ ತೋಳನ್ನು ಚಾಚಿ, 50 ಮೀಟರ್ ದೂರದ ಗುರಿಫಲಕಕ್ಕೆ 60 ಗುಂಡು ಹಾರಿಸಬೇಕು. ಗುಂಡು .22 ಇಂಚು ಅಳತೆಯದೇ ಆಗಿರಬೇಕು, ಪಿಸ್ತೂಲಿನ ಮೇಲೆ ದುರ್ಬೀನು ಇರಬಾರದು, ಹಿಡಿಕೆ ಮಣಿಕಟ್ಟಿಗೆ ಆಸರೆ ಕೊಡಬಾರದು.

ಇಷ್ಟು ಸೂಕ್ಷ್ಮದ ಕೆಲಸ ಏಕೆ ಬೇಕು ಎಂಬುದು ಒಂದು ಸಣ್ಣ ಲೆಕ್ಕದಿಂದ ಸ್ಪಷ್ಟವಾಗುತ್ತದೆ. ಫಲಕದ ಹತ್ತು ಅಂಕದ ವೃತ್ತದ ವ್ಯಾಸ 50 ಮಿಲಿಮೀಟರ್. ಪಿಸ್ತೂಲಿನ ಹಿಂದಿನ ಮತ್ತು ಮುಂದಿನ ಸೈಟ್‌ಗಳ (ಗುರಿ ಹಿಡಿಯಲು ಕಣ್ಣಿನ ಸಾಲಿಗೆ ತರುವ ಗುರುತುಗಳ) ನಡುವಿನ ಅಂತರ 35 ಸೆಂಟಿಮೀಟರ್ ಎಂದಿಟ್ಟುಕೊಳ್ಳೋಣ. ಆಗ ಮುಂದಿನ ಸೈಟ್ ತನ್ನ ಸಾಲಿನಿಂದ ಒಂದೇ ಒಂದು ಮಿಲಿಮೀಟರ್ ಸರಿದರೂ ಗುಂಡು ನಡುಬಿಂದುವಿನಿಂದ ಸುಮಾರು 143 ಮಿಲಿಮೀಟರ್ ಆಚೆ ಬಿದ್ದು ಐದೇ ಅಂಕ ಕೊಡುತ್ತದೆ. ಹತ್ತು ಅಂಕ ಬೇಕಾದರೆ ಈ ತಪ್ಪು ಮಿಲಿಮೀಟರಿನ ಐದನೆಯ ಒಂದು ಭಾಗಕ್ಕಿಂತಲೂ ಕಡಿಮೆ ಇರಬೇಕು.

ಆದ್ದರಿಂದಲೇ ಈ ಕಸುಬಿನ ಹೃದಯವಿರುವುದು ಹಿಡಿಕೆಯಲ್ಲಿ ಎಂದು ನಾನು ನಂಬಿದ್ದೇನೆ. ಅಕ್ರೋಟು ಮರದಂಥ ಗಟ್ಟಿ ಮರದಲ್ಲಿ ಕೆತ್ತಿದ ಹಿಡಿಕೆ ಶೂಟರ್‌ನ ಅಂಗೈಯನ್ನು ಕೈಗವಸಿನಂತೆ ಸುತ್ತುವರಿಯುತ್ತದೆ; ಹೆಬ್ಬೆರಳಿಗೆ ಒಂದು ಗುಳಿ, ಅಂಗೈಯ ಕೆಳ ಅಂಚಿಗೆ ಒಂದು ಹಲಗೆ, ಪ್ರತಿ ಬೆರಳಿಗೂ ಅದರದೇ ಜಾಗ. ಎಲ್ಲಿ ಒತ್ತುತ್ತದೆಯೋ ಅಲ್ಲಿ ಅರದಿಂದ ಉಜ್ಜಿ, ಎಲ್ಲಿ ಟೊಳ್ಳಿದೆಯೋ ಅಲ್ಲಿ ಪುಟ್ಟಿ ಮೆತ್ತಿ, ಮತ್ತೆ ಹಿಡಿದು ನೋಡಿ, ಮತ್ತೆ ಉಜ್ಜುವ ಈ ಕೆಲಸ ಎಷ್ಟೋ ದಿನ ನಡೆಯುತ್ತದೆ. ಕಣ್ಣು ಮುಚ್ಚಿ ತೋಳೆತ್ತಿ, ಬಳಿಕ ಕಣ್ಣು ತೆರೆದಾಗ ಎರಡೂ ಸೈಟ್‌ಗಳು ತಾವಾಗಿಯೇ ಒಂದು ಸಾಲಿಗೆ ಬಂದು ನಿಂತಿದ್ದರೆ ಹಿಡಿಕೆ ಕೂಡಿಬಂದಿದೆ ಎಂದು ಅರ್ಥ. ಹೀಗೆ ಒಬ್ಬನಿಗೆ ಒಪ್ಪಿದ ಹಿಡಿಕೆ ಇನ್ನೊಬ್ಬನ ಕೈಗೆ ಸಾಮಾನ್ಯವಾಗಿ ಹೊಂದುವುದಿಲ್ಲ.

ಟ್ರಿಗರ್‌ನ ಕಥೆಯೂ ಅಷ್ಟೇ ಸ್ವಾರಸ್ಯಕರವಾಗಿದೆ. 10 ಮೀಟರ್ ಏರ್ ಪಿಸ್ತೂಲಿನ ಟ್ರಿಗರ್ ಕನಿಷ್ಠ 500 ಗ್ರಾಂ ಭಾರ ತಡೆಯಬೇಕು ಎಂಬ ನಿಯಮವಿದೆ. ಫ್ರೀ ಪಿಸ್ತೂಲಿಗೆ ಅಂಥ ಕೆಳಮಿತಿಯೇ ಇಲ್ಲ. ಒಂದು ಸಣ್ಣ ಸನ್ನೆಕೋಲನ್ನು ಒತ್ತಿ ಒಳಗಿನ ಸ್ಪ್ರಿಂಗನ್ನು ಮೊದಲೇ ಬಿಗಿದಿಟ್ಟರೆ, ಅನಂತರ ಕೆಲವೇ ಗ್ರಾಂ ಒತ್ತಡಕ್ಕೆ, ಅಂದರೆ ಬೆರಳ ತುದಿಯ ಸ್ಪರ್ಶಕ್ಕೇ, ಗುಂಡು ಹಾರುತ್ತದೆ. ಸ್ವಿಟ್ಜರ್ಲೆಂಡಿನ ಮೊರಿನಿ ಕಂಪನಿಯ ಸಿಎಂ 84ಇ ಮಾದರಿಯಲ್ಲಿ ಈ ಕೆಲಸವನ್ನು ವಿದ್ಯುತ್ ಸರ್ಕ್ಯೂಟ್ ಮಾಡುತ್ತದೆ. ಸೋವಿಯತ್ ಒಕ್ಕೂಟದ ತುಲಾ ಕಾರ್ಖಾನೆಯ ಟಿಒಝಡ್-35 ಪಿಸ್ತೂಲು ಯೆಫಿಮ್ ಖೈದುರೊವ್ ಅವರ ವಿನ್ಯಾಸ. ಅದರ ನಳಿಕೆ ಕೈಗೆ ತೀರಾ ತಗ್ಗಿನಲ್ಲಿ ಕೂತಿರುವುದರಿಂದ ಹಿನ್ನೊದೆತ ನೇರವಾಗಿ ತೋಳಿಗೆ ಇಳಿಯುತ್ತದೆ, ಮೂತಿ ಮೇಲಕ್ಕೆ ಚಿಮ್ಮುವುದು ಕಡಿಮೆ.

ಸೋವಿಯತ್ ಶೂಟರ್ ಅಲೆಕ್ಸಾಂಡರ್ ಮೆಲೆಂತ್ಯೆವ್ 1980ರ ಮಾಸ್ಕೋ ಒಲಿಂಪಿಕ್ಸ್‌ನಲ್ಲಿ ಗಳಿಸಿದ 581 ಅಂಕಗಳ ವಿಶ್ವದಾಖಲೆ 34 ವರ್ಷ ಅಲುಗಲಿಲ್ಲ. 2014ರಲ್ಲಿ ಸ್ಪೇನಿನ ಗ್ರನಾಡಾದಲ್ಲಿ ನಡೆದ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ದಕ್ಷಿಣ ಕೊರಿಯಾದ ಜಿನ್ ಜೋಂಗ್-ಓ 583 ಗಳಿಸಿ ಅದನ್ನು ಮುರಿದರು. ಅಂದು ಬೆಳ್ಳಿ ಗೆದ್ದವರು ನಮ್ಮ ಜಿತು ರಾಯ್. 2016ರ ರಿಯೊ ಒಲಿಂಪಿಕ್ಸ್‌ಗೆ ಜಿನ್ ತಮಗಾಗಿಯೇ ಮೊರಿನಿ ತಯಾರಿಸಿದ ಕೆಂಪು ಬಣ್ಣದ ಪಿಸ್ತೂಲು ತಂದಿದ್ದರು. ಫೈನಲ್‌ನ ಒಂಬತ್ತನೆಯ ಗುಂಡು ಬರೀ 6.6 ಅಂಕಕ್ಕೆ ಬಿದ್ದರೂ ಚೇತರಿಸಿಕೊಂಡು, ಈ ಸ್ಪರ್ಧೆಯಲ್ಲಿ ಸತತ ಮೂರನೆಯ ಒಲಿಂಪಿಕ್ ಚಿನ್ನ ಗೆದ್ದರು. ಎಂಥ ಪಿಸ್ತೂಲೂ ಆ 6.6ನ್ನು ತಡೆಯಲಾರದು ಎಂಬುದನ್ನೂ ಇಲ್ಲಿ ಗಮನಿಸಬೇಕು. ಬೆಂಗಳೂರಿನ ಪ್ರಕಾಶ್ ನಂಜಪ್ಪ ಅವರೂ ರಿಯೊದಲ್ಲಿ ಇದೇ ಸ್ಪರ್ಧೆಯಲ್ಲಿ ಕಣಕ್ಕಿಳಿದಿದ್ದರು.

ಒಲಿಂಪಿಕ್ಸ್‌ನಲ್ಲಿ ಫ್ರೀ ಪಿಸ್ತೂಲು ಕಾಣಿಸಿಕೊಂಡದ್ದು ಅದೇ ಕೊನೆ. ಪುರುಷರಿಗೆ ಮಾತ್ರ ಇದ್ದ ಈ ಸ್ಪರ್ಧೆಯನ್ನು ಕೈಬಿಟ್ಟು, ಟೋಕಿಯೊ ಕೂಟದಲ್ಲಿ ಏರ್ ಪಿಸ್ತೂಲಿನ ಮಿಶ್ರ ತಂಡ ಸ್ಪರ್ಧೆಗೆ ಎಡೆ ಮಾಡಲಾಯಿತು. ಮಹಿಳೆಯರಿಗೆ ಸಮಾನ ಅವಕಾಶ ಸಿಗಬೇಕೆಂಬ ಉದ್ದೇಶ ಪೂರ್ತಿ ಸರಿ. ಆದರೆ ಸ್ಪರ್ಧೆಯನ್ನೇ ತೆಗೆಯುವ ಬದಲು ಅದನ್ನು ಮಹಿಳೆಯರಿಗೂ ತೆರೆಯಬಹುದಿತ್ತು ಎಂಬ ನೋವು ನನಗೆ ಇಂದಿಗೂ ಇದೆ. ಹಾಗೆ ತೆರೆಯುವುದು ಅಸಾಧ್ಯವೇನೂ ಆಗಿರಲಿಲ್ಲ: 2023ರ ಬಾಕು ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಮಹಿಳೆಯರ 50 ಮೀಟರ್ ಪಿಸ್ತೂಲು ಸ್ಪರ್ಧೆ ನಡೆಯಿತು, ಅದರ ಚಿನ್ನ ಭಾರತದ ತಿಯಾನಾ ಅವರ ಪಾಲಾಯಿತು.